ಐದನೆಯ ದನಿ

ಇಳಕಲ್ಲಿನ ಕಟಿಂಗ್ ಅಂಗಡಿಯಲ್ಲಿ ನನ್ನ ದಾಡಿ ಅರ್ಧವಾಗಿತ್ತು. ಅಂಗಡಿಯ ಕಾಕಾ ಕತ್ತಿ ಆಡಿಸುತ್ತಲೇ ಭಜನೆಯ ಪದವೊಂದನ್ನು ಎತ್ತಿದರು. ಬೆಂಚಿನ ಮೇಲೆ ಸರದಿ ಕಾಯುತ್ತಿದ್ದ ಮೂವರು ನೇಕಾರರು ಒಬ್ಬೊಬ್ಬರು ಒಂದೊಂದು ಸ್ವರದಲ್ಲಿ ಜೊತೆಗೂಡಿದರು. ನಾಲ್ಕೂ ದನಿ ಬೆರೆತ ಕ್ಷಣ, ಮೇಲೆಲ್ಲೋ ತೆಳ್ಳಗೆ ಐದನೆಯದೊಂದು ಕೇಳಿಸಿತು. ಬೆಚ್ಚಿ ತಿರುಗಿದೆ.

“ಅಲ್ಲಾಡಬ್ಯಾಡ್ರಿ! ಅದು ಯಾರ ದನಿನೂ ಅಲ್ಲ. ನಾಲ್ಕೂ ಬರೋಬರಿ ಕೂಡಿದ್ರ ತನ್ನಷ್ಟಕ್ಕ ತಾನ ಹುಟ್ಟತೈತಿ,” ಎಂದರು ಕಾಕಾ.

ಮೂವರಲ್ಲಿ ಹಿರಿಯರಿಗೆ ಮಗ್ಗದ ಸದ್ದಿಗೆ ಕಿವಿ ಹೋಗಿದೆಯಂತೆ. ಪಕ್ಕದವರ ಬೆನ್ನಿಗೆ ಅಂಗೈ ಒತ್ತಿಟ್ಟೇ ಅವರು ಹಾಡಿದ್ದರು. ನನ್ನ ಮುಖ ನೋಡಿ ನಕ್ಕರು: “ನಿಮಗ ಕೇಳಿಸ್ತೇನ್ರಿ? ನನಗ ಕೈಯಾಗ ಬಂತು ನೋಡ್ರಿ.”

ನನ್ನ ಎರಡೂ ಕಿವಿ ನೆಟ್ಟಗಿವೆ. ಇಷ್ಟು ವರ್ಷ ಅವುಗಳಿಂದ ಏನು ಕೇಳಿಸಿಕೊಂಡೆನೋ!