ಹದಿನಾಲ್ಕು ಬಾರದ ಅಂಗಿ

“ಒಂದು, ಎರಡು, ಐದು, ಹತ್ತು. ಒಂದೊಂದ ನಾಣ್ಯ ಅದಾವ. ಇದರಾಗ ಹದಿನಾಲ್ಕು ಹೆಂಗ ಮಾಡ್ಲಿ, ನೀನ ಹೇಳು ಗೌಸ್‌ಸಾಬ್?”

ಮಸ್ಕಿ ಬಸ್ ನಿಲ್ದಾಣದ ಎದುರು ಚಹಾ ಅಂಗಡಿ ಇಟ್ಟಿದ್ದ ಗೌಸ್‌ಸಾಬ್‌ಗೆ ಮೂರು ವರ್ಷ ಈ ಪ್ರಶ್ನೆಗೆ ಉತ್ತರ ಹೊಳೆಯಲಿಲ್ಲ. ಕೇಳುತ್ತಿದ್ದವನು ಪಕ್ಕದ ದರ್ಜಿ ಮುದುಕಪ್ಪ. ತನ್ನ ಅಂಗಿಗೆ ತಾನೇ ನಾಲ್ಕು ಪುಟ್ಟ ಕಿಸೆ ಹೊಲಿದುಕೊಂಡು, ಚಹಾದ ಖರ್ಚಿಗೆಂದು ದಿನವೂ ಕಿಸೆಗೊಂದು ನಾಣ್ಯ ಇಳಿಬಿಟ್ಟು ಬರುತ್ತಿದ್ದ. ಒಂದು ಮಿರ್ಚಿ ಭಜಿ, ಒಂದು ಚಹಾ ಸೇರಿ ಹದಿನಾಲ್ಕು ರೂಪಾಯಿ. ಆ ನಾಲ್ಕು ನಾಣ್ಯಗಳಿಂದ ಹದಿಮೂರು ಬರುತ್ತದೆ, ಹದಿನೈದು ಬರುತ್ತದೆ. ಹದಿನಾಲ್ಕು ಹೇಗೆ ಜೋಡಿಸಿದರೂ ಬಾರದು. ಗಣಿತವು ಗೌಸ್‌ಸಾಬ್‌ನ ಸಿಟ್ಟಿಗೆ ಬಗ್ಗುವಂಥದ್ದಲ್ಲ.

“ಹದಿನೈದು ಕೊಟ್ಟು ಒಂದ್ರೂಪಾಯಿ ವಾಪಸ್ ತಗೋ.”

“ಐದರ ಕಿಸೆ ಐದಕ್ಕ, ಹತ್ತರದು ಹತ್ತಕ್ಕ. ಎರಡನೇ ಒಂದ್ರೂಪಾಯಿ ಇಡಾಕ ಕಿಸೆ ಎಲ್ಲೈತೋ ಮಾರಾಯಾ?”

ಹದಿಮೂರು ಇಟ್ಟು ಎದ್ದು ಹೋಗುತ್ತಿದ್ದ. ರೂಪಾಯಿ ಹೋದರೆ ಹೋಗಲಿ, ಕುಳಿತವರೆಲ್ಲ ನಗುತ್ತಿದ್ದರಲ್ಲ! ಅವನ ಕೈಯಿಂದ ಒಮ್ಮೆಯಾದರೂ ಪೂರ್ತಿ ಹದಿನಾಲ್ಕು ಎಣಿಸಿಕೊಳ್ಳಬೇಕೆಂಬುದು ಗೌಸ್‌ಸಾಬ್‌ನ ಹಟವಾಯಿತು.

ಒಂದು ದಿನ ಹೊಳೆಯಿತು: ಕೊರತೆಯಿರುವುದು ಇನ್ನೊಂದು ಎರಡರ ನಾಣ್ಯದ್ದು. ಗಲ್ಲಾಪೆಟ್ಟಿಗೆಯಿಂದ ಅದನ್ನು ತೆಗೆದು ಮುದುಕಪ್ಪನ ಅಂಗೈಗೆ ಒತ್ತಿದ.

“ಹಿಡಿ, ಪುಕ್ಕಟೆ! ಹತ್ತು, ಎರಡು, ಮತ್ತೆರಡು. ಈಗ ಹದಿನಾಲ್ಕು ಕೊಡು ನೋಡೋಣ!”

ಮುದುಕಪ್ಪ ಮೂರೂ ನಾಣ್ಯ ಎಣಿಸಿ ಕೊಟ್ಟ. ಗೌಸ್‌ಸಾಬ್ ತೊಡೆ ತಟ್ಟಿದ. ಸಿಂಧನೂರಿನ ಬಸ್ಸಿಗೆ ಕಾಯುತ್ತಿದ್ದ ಬಾಳೆಹಣ್ಣಿನ ಯಮನಮ್ಮ ಬುಟ್ಟಿ ಕೆಳಗಿಟ್ಟಳು.

“ಯಪ್ಪಾ ಸಾಬಣ್ಣ, ನಿನ್ನ ಎರಡು ತಗದ್ರ ಬಂದಿದ್ದು ಹನ್ನೆರಡ! ನಿನ್ನೆ ಹದಿಮೂರಾದ್ರೂ ಬಂದಿತ್ತು.”

ಆಮೇಲೆ ಗೌಸ್‌ಸಾಬ್ ದಿನವೂ ಹದಿಮೂರೇ ತೆಗೆದುಕೊಂಡ.

ಹೋದ ವರ್ಷ ಮುದುಕಪ್ಪ ತೀರಿಕೊಂಡ. ತಿಂಗಳ ಮೇಲೆ ಅವನ ಹೆಂಡತಿ ಗಾಳೆಮ್ಮ ಅಂಗಿ ಹಿಡಿದು ಬಂದಳು.

“ಒಗಿಯಾಕ ತಗದಿದ್ದೆ ಅಣ್ಣಾರ. ಎಡಗಡೆ ಬಗಲಾಗ ಇನ್ನೊಂದು ಕಿಸೆ ಐತಿ. ಅದರಾಗ ಇದು ಇತ್ತು. ನಿಮ್ಮದೇನ್ರಿ?”

ಸವೆದು ನುಣುಪಾದ ಎರಡು ರೂಪಾಯಿಯ ನಾಣ್ಯ. ಗೌಸ್‌ಸಾಬ್ ಬೆರಳು ಮಡಚಿ ಲೆಕ್ಕ ಹಾಕಿದ. ಇದೊಂದು ಜೊತೆಗಿದ್ದರೆ ಒಂದರಿಂದ ಇಪ್ಪತ್ತರವರೆಗೆ ಬಾರದ ಮೊತ್ತವೇ ಇಲ್ಲ.

“ಈ ಕಿಸೆ ಯಾವಾಗ ಹೊಲದಾನವ್ವಾ?”

ಗಾಳೆಮ್ಮ ಹೊಲಿಗೆಯನ್ನು ಬೆಳಕಿಗೆ ಹಿಡಿದಳು. ಉಳಿದ ನಾಲ್ಕು ಕಿಸೆಗಳದ್ದೂ ಇದರದ್ದೂ ಒಂದೇ ದಾರ. ಒಳಬಟ್ಟೆಯ ಮೇಲೆ ನಾಣ್ಯದಷ್ಟೇ ದುಂಡಗೆ ಹಳೆಯ ಕಲೆ ಬಿದ್ದಿತ್ತು.