ಐಸಿನ ಪೆಟ್ಟಿಗೆಯ ಮುಚ್ಚಳ

ಅಂಚೆಪೆಟ್ಟಿಗೆಗೆ ಕಾಗದ ಹಾಕಿದ ಮೇಲೆ ಅದರ ಬಾಯಿಯೊಳಗೆ ಎರಡು ಬೆರಳು ತೂರಿಸಿ, ಕಾಗದ ನಿಜವಾಗಿಯೂ ಒಳಕ್ಕೆ ಬಿದ್ದಿದೆಯೇ ಎಂದು ಪರೀಕ್ಷಿಸುವ ಮನುಷ್ಯರನ್ನು ತಾವು ನೋಡಿರಬಹುದು. ನೋಡಿದ್ದರೆ, ಅವರಲ್ಲಿ ಒಬ್ಬನು ನಾನೇ ಆಗಿರುವ ಸಂಭವ ಹೆಚ್ಚು. ಮನೆಗೆ ಬೀಗ ಹಾಕಿ ಬಸ್ಸಿನ ನಿಲ್ದಾಣದವರೆಗೆ ಬಂದು, ಬೀಗವನ್ನು ಎಳೆದು ನೋಡಿದೆನೋ ಇಲ್ಲವೋ ಎಂಬ ಸಂಶಯದಿಂದ ಹಿಂತಿರುಗಿದ ದಿನಗಳುಂಟು. ಅಷ್ಟರಲ್ಲಿ ಬಸ್ಸು ತಪ್ಪಿಸಿಕೊಂಡ ದಿನಗಳೂ ಉಂಟು.

ಇದು ನನಗೆ ವಂಶದಿಂದ ಬಂದ ಗುಣವಲ್ಲ. ನಮ್ಮ ತಂದೆಯವರು ಕಡಲಿಗೆ ಹೋಗುವವರು. ಬಲೆ ಬಿಟ್ಟ ಮೇಲೆ ಅದನ್ನು ಎಳೆಯುವ ಹೊತ್ತು ಬರುವವರೆಗೆ ಎಲೆಯಡಿಕೆ ಹಾಕಿಕೊಂಡು ಸುಮ್ಮನೆ ಕುಳಿತಿರುವುದು ಅವರು ಬಲ್ಲ ವಿದ್ಯೆ. ಆ ಮನೆಯಲ್ಲಿ ಕಾಲೇಜಿನ ಮೆಟ್ಟಲು ಹತ್ತಿದವನು ನಾನೇ ಮೊದಲಿಗ. ಪದವಿಯ ಪ್ರಮಾಣಪತ್ರ ಕೈಗೆ ಬಂದ ದಿನ, ಅದರಲ್ಲಿರುವ ಹೆಸರು ನನ್ನದೇ ಹೌದೇ ಎಂದು ನಾಲ್ಕು ಬಾರಿ ಓದಿದೆ. ಕೊಟ್ಟದ್ದನ್ನು ಯಾರಾದರೂ ಹಿಂದಕ್ಕೆ ಕೇಳಿಯಾರೆಂಬ ಭಯ ಅಂದಿನಿಂದ ನನ್ನನ್ನು ಬಿಟ್ಟಿಲ್ಲ. ಕನ್ನಡದ ವಿಷಯದಲ್ಲಂತೂ ಕೇಳುವುದೇ ಬೇಡ. ಮನೆಯಲ್ಲಿ ತುಳು, ಶಾಲೆಯಲ್ಲಿ ಪುಸ್ತಕದಿಂದ ಕಲಿತ ಕನ್ನಡ. ಹೀಗಾಗಿ ನಾನು ಒಂದು ವಾಕ್ಯ ಆಡುವ ಮೊದಲು ಅದನ್ನೂ ಒಮ್ಮೆ ಎಳೆದು ನೋಡುತ್ತೇನೆ.

ಕುಲಶೇಖರದ ಒಂದು ಪ್ರೌಢಶಾಲೆಯಲ್ಲಿ ನಾನು ವಿಜ್ಞಾನದ ಉಪಾಧ್ಯಾಯನಾಗಿ ಸೇರಿದಾಗ ಅಲ್ಲಿ ಪ್ರಯೋಗಶಾಲೆ ಇರಲಿಲ್ಲ. ಗಾಜಿನ ನಳಿಗೆಗಳೂ ಅಯಸ್ಕಾಂತಗಳೂ ಹೆಡ್‌ಮಾಸ್ತರರ ಕಪಾಟಿನಲ್ಲಿದ್ದವು. ಪ್ರಯೋಗವೆಂದರೆ ನಾನು ಮೇಜಿನ ಮೇಲೆ ಮಾಡುವುದು, ಮಕ್ಕಳು ಕತ್ತು ಉದ್ದ ಮಾಡಿ ನೋಡುವುದು. ಹಿಂಭಾಗದಲ್ಲಿ ಮುರಿದ ಬೆಂಚುಗಳನ್ನು ತುಂಬಿದ್ದ ಒಂದು ಕೋಣೆಯಿತ್ತು. ಅದರ ಮೇಲೆ ನನಗೆ ಕಣ್ಣು. ಮಕ್ಕಳೇ ಮಾಡಿದ ಮಾದರಿಗಳ ವಸ್ತುಪ್ರದರ್ಶನವೊಂದನ್ನು ಏರ್ಪಡಿಸುವೆನೆಂದು ನಾನು ಹೇಳಿದಾಗ, ಹೆಡ್‌ಮಾಸ್ತರರು ಕನ್ನಡಕ ತೆಗೆದು ಒರೆಸಿದರು.

"ಮಾಡಿ. ಇನ್‌ಸ್ಪೆಕ್ಟರು ಬರುವ ದಿನವೇ ಇಡಿ. ಅವರು ನೋಡಿ ಒಂದು ಒಳ್ಳೆಯ ಮಾತು ಬರೆದರೆ ಆ ಕೋಣೆ ನಿಮ್ಮ ಪ್ರಯೋಗಶಾಲೆ. ಬರೆಯದಿದ್ದರೆ ನೂಲುವ ಕ್ಲಾಸಿಗೆ ಕೊಡ್ತೇನೆ, ಅವರು ಎರಡು ವರ್ಷದಿಂದ ಕೇಳ್ತಾ ಇದ್ದಾರೆ. ಆಮೇಲೆ ನನ್ನತ್ರ ಎಂತದೂ ಹೇಳ್ಬೇಡಿ."

ನಮ್ಮ ಜಿಲ್ಲೆ ಮದರಾಸನ್ನು ಬಿಟ್ಟು ಮೈಸೂರಿಗೆ ಸೇರಿ ಹೆಚ್ಚು ಕಾಲವಾಗಿರಲಿಲ್ಲ. ಬರಲಿದ್ದ ಇನ್‌ಸ್ಪೆಕ್ಟರರು ಘಟ್ಟದ ಮೇಲಿನವರು. ಅಂಥವರ ಎದುರು ನಮ್ಮ ಮಕ್ಕಳು ತುಳು, ಕೊಂಕಣಿ, ಬ್ಯಾರಿ ಬೆರೆತ ಕನ್ನಡದಲ್ಲಿ ವಿಜ್ಞಾನವನ್ನು ಹೇಳುವುದೆಂದರೇನು? ನಾನು ಪ್ರತಿಯೊಂದು ಮಾದರಿಗೂ ಶುದ್ಧ ಗ್ರಾಂಥಿಕ ಭಾಷೆಯಲ್ಲಿ ವಿವರಣೆ ಬರೆದು ಬಾಯಿಪಾಠ ಮಾಡಿಸಿದೆ. ಇದರಿಂದ ಒಂದು ತೊಡಕಾಯಿತು. ನಡುವೆ ಯಾರಾದರೂ ಪ್ರಶ್ನೆ ಕೇಳಿದರೆ, ಮಕ್ಕಳು ಪುನಃ "ಮಾನ್ಯ ಅತಿಥಿಗಳೇ" ಎಂಬಲ್ಲಿಂದಲೇ ಹೊರಡಬೇಕಾಗುತ್ತಿತ್ತು. ವಾಮಂಜೂರಿನಿಂದ ನಡೆದುಬರುತ್ತಿದ್ದ ಹುಡುಗಿಯೊಬ್ಬಳು ಗದ್ದೆಗೆ ನೀರೆತ್ತುವ ಪಂಪಿನ ಮಾದರಿ ಮಾಡಿದ್ದಳು. ಅವಳ ವಿವರಣೆ ಮುಗಿಯುವುದರೊಳಗೆ ನೀರೇ ಮುಗಿಯುತ್ತಿತ್ತು. ತೆಂಗಿನ ಚಿಪ್ಪಿಗೆ ಕೊಡೆಯ ಕಡ್ಡಿ ಚುಚ್ಚಿ ಮಾಡಿದ ಕೃತಕ ಉಪಗ್ರಹಗಳಂತೂ ಮೂರಿದ್ದವು. ಆ ವರ್ಷ ಆಕಾಶದಲ್ಲಿಯೂ ಅಷ್ಟು ಇದ್ದವೋ ಇಲ್ಲವೋ.

ಆದರೆ ನನ್ನ ಭರವಸೆಯೆಲ್ಲ ಇದ್ದದ್ದು ಇಬ್ರಾಹಿಮನ ಮೇಲೆ. ಹತ್ತನೆಯ ತರಗತಿಯ ಈ ಹುಡುಗನ ತಂದೆಗೆ ಶಾಲೆಯ ಹತ್ತಿರವೇ ಸೋಡಾದ ಅಂಗಡಿ; ಐಸಿಗೆ ಕೊರತೆಯಿಲ್ಲ. ಅವನು ಚಹಾ ಪೆಟ್ಟಿಗೆಯ ಹಲಗೆಗಳಿಂದ ಮೂರು ಪುಟ್ಟ ಪೆಟ್ಟಿಗೆಗಳನ್ನು ಮಾಡಿದ್ದನು. ಒಂದರಲ್ಲಿ ಮರದ ಹುಡಿ, ಇನ್ನೊಂದರಲ್ಲಿ ಭತ್ತದ ಉಮಿ, ಮೂರನೆಯದು ಖಾಲಿ. ಮೂರರಲ್ಲಿಯೂ ಒಂದೇ ತೂಕದ ಐಸಿನ ತುಂಡು. ಬೆಳಿಗ್ಗೆ ಒಂಬತ್ತಕ್ಕೆ ಇಟ್ಟು, ಇನ್‌ಸ್ಪೆಕ್ಟರರ ಎದುರು ತೆರೆದು, ಯಾವುದರಲ್ಲಿ ಹೆಚ್ಚು ಉಳಿದಿದೆ ಎಂದು ತೋರಿಸುವುದು.

ಐಸನ್ನು ಮರದ ಹುಡಿಯಲ್ಲಿ ಕಾಪಾಡುವುದು ಹಳೆಯ ವಿದ್ಯೆ. ನಮ್ಮ ಅಜ್ಜಂದಿರ ಕಾಲದಲ್ಲಿ ಅಮೆರಿಕದ ಕೆರೆಗಳ ಐಸನ್ನು ಕೊಯ್ದು, ಮರದ ಹುಡಿಯಲ್ಲಿ ಹುದುಗಿಸಿ, ತಿಂಗಳುಗಟ್ಟಲೆ ಹಡಗಿನಲ್ಲಿ ಸಾಗಿಸಿ ಮದರಾಸಿನಲ್ಲಿ ಇಳಿಸುತ್ತಿದ್ದರೆಂದು ನಾನು ಓದಿದ್ದೆ. ಆದಕಾರಣ ಫಲಿತಾಂಶದಲ್ಲಿ ನನಗೆ ಸಂಶಯವಿರಲಿಲ್ಲ. ಹಿಂದಿನ ದಿನವೇ ದುಂಡಗಿನ ಅಕ್ಷರಗಳಲ್ಲಿ ಚಾರ್ಟು ಬರೆದು ಗೋಡೆಗೆ ಅಂಟಿಸಿದೆ: "ಹಿಮಸಂರಕ್ಷಣೆಗೆ ಕಾಷ್ಠಚೂರ್ಣವೇ ಸರ್ವಶ್ರೇಷ್ಠ."

ಸಂಶಯವಿರಲಿಲ್ಲವೆಂದೆನಲ್ಲ, ಅದು ಒಂಬತ್ತೂಕಾಲು ಗಂಟೆಯವರೆಗೆ. ಆಮೇಲೆ ಮರದ ಹುಡಿಯೊಳಗೆ ಐಸು ಇನ್ನೂ ಇದೆಯೇ ಎಂಬ ಪ್ರಶ್ನೆ ಎದ್ದಿತು. ಮುಚ್ಚಳ ತೆಗೆದು, ಹುಡಿಯನ್ನು ಬೆರಳಿನಿಂದ ಸರಿಸಿ ನೋಡಿದೆ. ಇತ್ತು. ಒಂಬತ್ತೂವರೆಗೆ ಮತ್ತೆ ನೋಡಿದೆ. ಇತ್ತು. ಹತ್ತೂವರೆಗೆ ಬರಬೇಕಾದ ಇನ್‌ಸ್ಪೆಕ್ಟರರು ಬರಲಿಲ್ಲ. ಬಲ್ಮಠದಲ್ಲಿ ಇನ್ನೊಂದು ಶಾಲೆ ನೋಡುತ್ತಿದ್ದಾರೆಂದು ಸುದ್ದಿ ಬಂತು. ನಾನು ಗೇಟಿನವರೆಗೆ ಹೋಗುವುದು, ಹಿಂದೆ ಬಂದು ಮುಚ್ಚಳ ತೆಗೆಯುವುದು, ಹೀಗೆ ಹೊತ್ತು ಕಳೆದೆ.

"ಸರ್, ನಮ್ಮ ಅಂಗಡಿಯಲ್ಲಿ ಗಿರಾಕಿ ಬಂದ್ರೆ ಮಾತ್ರ ಮುಚ್ಚಳ ತೆಗೆಯುದು," ಎಂದ ಇಬ್ರಾಹಿಮ ಒಮ್ಮೆ, ಬಹಳ ವಿನಯದಿಂದ.

"ಇದು ಅಂಗಡಿಯಲ್ಲ, ಪ್ರಯೋಗ," ಎಂದೆ ನಾನು.

ಹನ್ನೆರಡಕ್ಕೆ ಇನ್‌ಸ್ಪೆಕ್ಟರರು ಬಂದರು. ಪಂಪಿನ ನೀರು ಹರಿಯಿತು, ಉಪಗ್ರಹಗಳು ತಿರುಗಿದವು. ಇಬ್ರಾಹಿಮ ಕೈಕಟ್ಟಿ ನಿಂತು ನನ್ನ ವಿವರಣೆಯನ್ನು ಒಂದಕ್ಷರ ತಪ್ಪದೆ ಒಪ್ಪಿಸಿ, ಪೆಟ್ಟಿಗೆಗಳನ್ನು ತೆರೆದನು. ಖಾಲಿ ಪೆಟ್ಟಿಗೆಯಲ್ಲಿ ಬರಿಯ ನೀರು. ಉಮಿಯಲ್ಲಿ ಮುಷ್ಟಿಯಷ್ಟು ಐಸು. ಮರದ ಹುಡಿಯಲ್ಲಿ ಒಂದು ಅಡಿಕೆಯಷ್ಟು.

"ಆದುದರಿಂದ ಕಾಷ್ಠಚೂರ್ಣವೇ ಸರ್ವಶ್ರೇಷ್ಠವೆಂದು ಸಿದ್ಧವಾಗುತ್ತದೆ," ಎಂದು ಅವನು ಬಾಯಿಪಾಠವನ್ನು ಮುಗಿಸಿದನು.

ಇನ್‌ಸ್ಪೆಕ್ಟರರು ಗೋಡೆಯ ಚಾರ್ಟನ್ನೂ ಪೆಟ್ಟಿಗೆಯನ್ನೂ ನೋಡಿದರು. "ಎಲ್ಲಪ್ಪಾ ಸಿದ್ಧವಾಯ್ತು?"

ಕೋಣೆ ಕೈಬಿಟ್ಟು ಹೋಗುವ ಸದ್ದು ನನಗೆ ಕೇಳಿಸಿತು. ಆ ಸದ್ದು ಚರಕದ ಸದ್ದಿನಂತೆಯೇ ಇತ್ತು. ಇಬ್ರಾಹಿಮ ನನ್ನ ಮುಖ ನೋಡಿದ, ನೆಲ ನೋಡಿದ. ಬಳಿಕ ಗ್ರಾಂಥಿಕವನ್ನು ಬಿಟ್ಟು ತನ್ನ ಕನ್ನಡದಲ್ಲಿಯೇ ಹೇಳಿದ:

"ಸರ್, ಹುಡಿಯದ್ದು ತಪ್ಪಿಲ್ಲ. ಆ ಪೆಟ್ಟಿಗೆಯನ್ನು ನಮ್ಮ ಸರ್ ಹದಿನಾಲ್ಕು ಸಲ ತೆಗೆದು ನೋಡಿದ್ದಾರೆ. ಉಮಿಯದ್ದು ಎರಡೇ ಸಲ. ಬರೆದಿಟ್ಟಿದ್ದೇನೆ, ಪುಸ್ತಕದಲ್ಲಿ ಉಂಟು."

ನಿಜವಾಗಿಯೂ ಇತ್ತು. ಪ್ರಯೋಗದಲ್ಲಿ ನಡೆದುದೆಲ್ಲವನ್ನೂ ದಾಖಲಿಸಬೇಕೆಂದು ಕಲಿಸಿದವನು ನಾನೇ. ಒಂಬತ್ತೂಕಾಲರಿಂದ ಹನ್ನೆರಡರವರೆಗೆ ನನ್ನ ಅಧೈರ್ಯವೆಲ್ಲ ಪುಟ್ಟ ಪುಟ್ಟ ಗೆರೆಗಳಾಗಿ, ಹೊತ್ತಿನ ಸಮೇತ, ಅಲ್ಲಿ ನಿಂತಿತ್ತು.

"ಎಂತ ಮಾರಾಯ್ರೆ ನೀವು!" ಎಂದರು ಹೆಡ್‌ಮಾಸ್ತರರು ನನ್ನ ಕಿವಿಯಲ್ಲಿ.

ಇನ್‌ಸ್ಪೆಕ್ಟರರು ಪುಸ್ತಕವನ್ನು ಎರಡು ಸಲ ಓದಿ, ನಗು ತಡೆಯುವ ಪ್ರಯತ್ನವನ್ನು ಕೈಬಿಟ್ಟರು. "ಇನ್ನೊಂದ್ಸಲ ಮಾಡಪ್ಪ. ಸಾಯಂಕಾಲ ನೋಡ್ತೀನಿ. ನಿಮ್ಮ ಮೇಷ್ಟ್ರನ್ನ ಅಲ್ಲೀವರೆಗೆ ನಾನು ಇಟ್ಕೊಂಡಿರ್ತೀನಿ."

ಇಬ್ರಾಹಿಮ ಅಂಗಡಿಯಿಂದ ಹೊಸ ಐಸು ತರಲು ಓಡಿದ. ಇನ್‌ಸ್ಪೆಕ್ಟರರು ನನ್ನನ್ನು ಇಟ್ಟುಕೊಂಡರು ಕೂಡ. ಅವರು ರಿಜಿಸ್ಟರು ನೋಡುವಾಗ ನಾನು ಪಕ್ಕದಲ್ಲಿ. ಹೆಡ್‌ಮಾಸ್ತರರ ಮನೆಯ ಊಟದಲ್ಲಿ ಅವರ ಎಡಕ್ಕೆ ನನ್ನ ಎಲೆ. ನನ್ನ ದೃಷ್ಟಿ ಕಿಟಕಿಯ ಕಡೆಗೆ ಹೋದಾಗಲೆಲ್ಲ, "ಸಾರು ಹಾಕ್ಕೊಳ್ಳಿ ಮೇಷ್ಟ್ರೇ, ಐಸು ಅಲ್ಲೇ ಇರುತ್ತೆ," ಎನ್ನುತ್ತಿದ್ದರು. ಅದಕ್ಕಿಂತ ದೀರ್ಘವಾದ ಊಟವನ್ನು ನಾನು ಉಂಡಿಲ್ಲ.

ಮೂರೂವರೆಗೆ ಮುಚ್ಚಳಗಳು ತೆರೆದವು. ಮರದ ಹುಡಿಯಲ್ಲಿ ಮುಷ್ಟಿಗಾತ್ರದ ತುಂಡು ಇತ್ತು! ಉಮಿಯಲ್ಲಿಯೂ ಇತ್ತು. ತಕ್ಕಡಿಗೆ ಹಾಕಿದರೆ ಯಾವ ತಟ್ಟೆಯೂ ಕೆಳಗಿಳಿಯಲಿಲ್ಲ. ಎರಡೂ ಸಮ. ನನ್ನ ಪುಸ್ತಕಗಳನ್ನು ಬರೆದವರ ಊರಿನಲ್ಲಿ ಭತ್ತ ಬೆಳೆಯುವುದಿಲ್ಲವೆಂಬುದು ನನಗೆ ಆಗ ಹೊಳೆಯಿತು. ನಾನೇ ಪೆನ್ನು ತೆಗೆದು, ಚಾರ್ಟಿನ "ಸರ್ವಶ್ರೇಷ್ಠ"ದ ಮೇಲೆ ಗೆರೆ ಎಳೆದೆ. ಇಬ್ರಾಹಿಮ ಅದರ ಕೆಳಗೆ ಬರೆದ: "ಉಮಿಯೂ ಆಗ್ತದೆ."

ಇನ್‌ಸ್ಪೆಕ್ಟರರು ಶಾಲೆಯ ಸಂದರ್ಶನ ಪುಸ್ತಕದಲ್ಲಿ ಬರೆದದ್ದು ಎರಡೇ ಸಾಲು. ಮೊದಲನೆಯದು, ಈ ಶಾಲೆಗೆ ಪ್ರಯೋಗಶಾಲೆಯ ಕೋಣೆ ಕೂಡಲೇ ಬೇಕೆಂದು. ಎರಡನೆಯದು, ಅದಕ್ಕೆ ತಕ್ಕ ವಿದ್ಯಾರ್ಥಿಗಳು ಈಗಾಗಲೇ ಇದ್ದಾರೆಂದು. ಉಪಾಧ್ಯಾಯರ ವಿಷಯದಲ್ಲಿ ಅವರು ದಯೆಯಿಟ್ಟು ಏನನ್ನೂ ಬರೆಯಲಿಲ್ಲ.

ಈಗ ಆ ಕೋಣೆಯಲ್ಲಿ ನಾಲ್ಕು ಮೇಜುಗಳಿವೆ. ಮಕ್ಕಳು ಕತ್ತು ಉದ್ದ ಮಾಡುವುದಿಲ್ಲ, ಕೈಯನ್ನೇ ಉದ್ದ ಮಾಡುತ್ತಾರೆ. ಮುಂದಿನ ಪ್ರದರ್ಶನಕ್ಕೆ ನಾನು ಬಾಯಿಪಾಠ ಬರೆದುಕೊಡಲಿಲ್ಲ. ಮಕ್ಕಳು ಎಂತೆಂತದೋ ಕನ್ನಡದಲ್ಲಿ ಹೇಳಿದರು, ಬಂದವರಿಗೆಲ್ಲ ಅರ್ಥವಾಯಿತು. ತಂದೆಯವರಿಗೆ ಈ ಕಥೆಯನ್ನು ಹೇಳಿದಾಗ ಅವರು ಎಲೆಯಡಿಕೆ ಅಗಿಯುತ್ತಾ ಕೇಳಿ, "ಹದಿನಾಲ್ಕು ಸಲವಾ?" ಎಂದಷ್ಟೇ ಕೇಳಿದರು. ಬಹಳ ಹೊತ್ತು ನಕ್ಕರು.

ನಾನು ಪೂರ್ತಿ ಗುಣವಾಗಿದ್ದೇನೆಂದು ಹೇಳಲಾರೆ. ಈ ಬರಹವನ್ನು ಲಕೋಟೆಯಿಂದ ಆರು ಸಲ ಹೊರತೆಗೆದು ಓದಿದ್ದೇನೆ, ಪ್ರತಿ ಸಲವೂ ಒಂದೆರಡು ವಾಕ್ಯ ಕಡಮೆಯಾಗಿದೆ. ತಮ್ಮ ಕೈ ಸೇರುವಾಗ ಇದರಲ್ಲಿ ಅಡಿಕೆಯಷ್ಟೇ ಉಳಿದಿದ್ದರೆ, ದಯವಿಟ್ಟು ಮರದ ಹುಡಿಯನ್ನು ದೂರಬೇಡಿ.