ಹಗೇವಿಗೆ ಇಳಿದ ರಬ್ಬರ್ ಮುಸುಡಿ

ಭೇರ್ಯದ ಅಂಕಯ್ಯ ಸಂತೆಯಲ್ಲಿ ಉಪ್ಪು ಕೊಂಡರೂ ನಾಲಿಗೆಗೆ ಹಚ್ಚಿ ನೋಡಿಯೇ ಕೊಳ್ಳುತ್ತಿದ್ದ. ಉಪ್ಪು ಉಪ್ಪಿನ ಹಾಗೆ ಇರದೆ ಇನ್ನು ಹೇಗಿರುತ್ತದೆ ಪುಣ್ಯಾತ್ಮ ಎಂದು ಯಾರಾದರೂ ಕೇಳಿದರೆ, "ಅಂಗೇ ಇದ್ರೆ ಒಳ್ಳೇದಾಯ್ತಲ್ಲ" ಎನ್ನುತ್ತಿದ್ದ. ಹಗ್ಗ ಬೇಕಾದಾಗಲಂತೂ ಹತ್ತಿರದ ಸಂತೆಗಳನ್ನೆಲ್ಲ ಬಿಟ್ಟು ಹುಣಸೂರಿನ ಶಂಶುದ್ದೀನ್ ಸಾಹೇಬರ ಅಂಗಡಿಗೇ ಹೋಗಬೇಕು. ಅಲ್ಲಿ ಹಗ್ಗವನ್ನು ತೊಲೆಗೆ ಬಿಗಿದು, ಕಾಲು ಮಡಚಿ ತಾನೇ ಜೋತುಬಿದ್ದು, ಎರಡು ಸಲ ಜಗ್ಗಿ, ಆಮೇಲೆ ಬೆಲೆಯ ಮಾತು. ಒಂದು ಸಲ ಸಾಹೇಬರು ತಾಳ್ಮೆಗೆಟ್ಟು, "ಅಂಕಯ್ಯ, ನೀವು ಹಗ್ಗ ತಗಳ್ಳಕ್ಕೆ ಬಂದ್ರೋ, ನನ್ನ ಅಂಗಡೀಲಿ ನೇಣು ಹಾಕ್ಕಳ್ಳಕ್ಕೆ ಬಂದ್ರೋ, ಮೊದ್ಲು ಅದ ಹೇಳ್ಬುಡಿ" ಎಂದಿದ್ದರು.

ನಗುವವರಿಗೇನು, ನಗುತ್ತಾರೆ. ಆ ಹಗ್ಗದ ತುದಿಯಲ್ಲಿ ಜೀವ ಇಟ್ಟುಕೊಂಡು ಬದುಕಿದವನು ಅಂಕಯ್ಯ. ಹೊಲ ಎರಡೆಕರೆ ಇತ್ತು. ಆದರೆ ಸುತ್ತ ಹತ್ತೂರಿಗೆ ಅವನು ಬೇಕಾಗಿದ್ದುದು ಹಗೇವು ತೆಗೆಯುವುದಕ್ಕೆ. ಅದು ರಾಗಿ ಸೀಮೆ. ಉಳ್ಳವರೆಲ್ಲ ಹಿತ್ತಿಲಲ್ಲೋ ಕಣದ ಮಗ್ಗುಲಲ್ಲೋ ನೆಲದೊಳಗೆ ಎರಡಾಳುದ್ದದ ಹಗೇವು ತೋಡಿಸಿ, ಒಳಗೆ ಹುಲ್ಲು ಹಾಸಿ ರಾಗಿ ಸುರಿದು, ಬಾಯಿಗೆ ಚಪ್ಪಡಿ ಎಳೆದು ಮಣ್ಣು ಮೆತ್ತಿಬಿಡುತ್ತಿದ್ದರು. ನಾಲ್ಕೈದು ವರ್ಷವಾದರೂ ಕಾಳು ಕೆಡುತ್ತಿರಲಿಲ್ಲ. ಕೆಡುತ್ತಿದ್ದುದು ಒಳಗಿನ ಗಾಳಿ. ಚಪ್ಪಡಿ ಸರಿಸಿದ ಗಳಿಗೆಗೇ ಆತುರಪಟ್ಟು ಇಳಿದವನು ತುಟಿ ಪಿಟಕ್ಕೆನ್ನದೆ ರಾಗಿಯ ಮೇಲೆ ಮಲಗಿಬಿಡುತ್ತಿದ್ದ. ಊರವರು ಅದಕ್ಕೆ ವಿಷಗಾಳಿ ಎನ್ನುತ್ತಿದ್ದರು.

ಅಂಕಯ್ಯನ ಅಪ್ಪ ಸತ್ತದ್ದೂ ಹಾಗೆಯೇ, ಕಂಪಲಾಪುರದ ಒಂದು ಹಗೇವಿನಲ್ಲಿ. ಆಗ ಅಂಕಯ್ಯನಿಗೆ ಹದಿನೆಂಟು. ಹಗೇವಿಗೆ ಇಳಿದವನು ಬಾಯಿ ಮುಚ್ಚಬಾರದು, ಹಾಡೋ ಬೈಗುಳವೋ ಏನಾದರೂ ಆಡುತ್ತಲೇ ಇರಬೇಕು. ಮಾತು ನಿಂತರೆ ಮೇಲಿನವನು ಎಳೆಯಬೇಕು. ಅದು ಕಸುಬಿನ ಕಟ್ಟಳೆ. ಅವತ್ತು ಹಗ್ಗ ಹಿಡಿದಿದ್ದವನು ಸ್ವಂತ ಚಿಕ್ಕಪ್ಪ. ದಾರಿಯಲ್ಲಿ ಯಾರೋ ನೆಂಟರು ಹೋಗುತ್ತಿದ್ದರೆಂದು ಕ್ಷೇಮ ವಿಚಾರಿಸಲು ಆ ಕಡೆ ತಿರುಗಿದ. ಈ ಕಡೆ ತಿರುಗುವ ಹೊತ್ತಿಗೆ ಕೆಳಗಿನ ಮಾತು ಯಾವಾಗಲೋ ನಿಂತಿತ್ತು. ಕೆಟ್ಟವನಲ್ಲ ಆ ಚಿಕ್ಕಪ್ಪ, ಅಳುತ್ತ ಅಳುತ್ತಲೇ ಮುದುಕನಾದ. ಆದರೆ ಅಂಕಯ್ಯ ಮತ್ತೆ ಅವನ ಕೈಯಿಂದ ಒಂದು ಚೊಂಬು ನೀರನ್ನೂ ಇಸಿದುಕೊಳ್ಳಲಿಲ್ಲ.

ಮದುವೆಯಾದ ಮೇಲೆ ಹಗ್ಗ ಹೆಂಡತಿ ಚಿಕ್ಕಬಸಮ್ಮನ ಕೈಗೆ ಬಂತು. ಗಟ್ಟಿ ಗಂಡಸರು ಅವಳ ಹಿಂದೆ ನಿಂತು ಎಳೆಯುತ್ತಿದ್ದರು, ಆದರೆ ಯಾವಾಗ ಎಳೆಯಬೇಕೆಂದು ಹೇಳುವವಳು ಅವಳು. ಇಷ್ಟು ಜನ ಗಂಡಸರಿರುವಾಗ ಹೆಂಗಸಿನ ಕೈಗೆ ಕೊಡುತ್ತೀಯಲ್ಲ ಎಂದವರಿಗೆ ಅಂಕಯ್ಯ, "ನಾನು ಸತ್ರೆ ಇವಳ ತಾಳಿ ಹೋಯ್ತದೆ. ನಿಮ್ದೇನು ಹೋಯ್ತದೆ?" ಎಂದು ಕೇಳಿಬಿಡುತ್ತಿದ್ದ. ಮೂವತ್ತು ವರ್ಷ ಹೀಗೆ ನಡೆಯಿತು. ಅವಳು ಜ್ವರ ಬಂದು ತೀರಿಕೊಂಡ ಮೇಲೆ ಅಂಕಯ್ಯ ಹಗೇವಿಗೆ ಇಳಿಯುವುದನ್ನೇ ಬಿಟ್ಟ. ಚಪ್ಪಡಿ ತೆಗೆಸುವುದು, ಹೊಂಗೆ ಸೊಪ್ಪಿನ ಕಂತೆ ಇಳಿಸಿ ಎತ್ತಿ ಗಾಳಿ ಆಡಿಸುವುದು, ದೀಪ ಬಿಟ್ಟು ನೋಡುವುದು, ಎರಡು ದಿನ ಕಾಯಿಸುವುದು, ಆಮೇಲೆ ಬೇರೆಯವರನ್ನು ಇಳಿಸುವುದು. ತಾನು ಮಾತ್ರ ಇಳಿಯನು. ಯಾರ ಕೈಗೆ ಕೊಡುವುದು ಹಗ್ಗವನ್ನು?

ಇದ್ದೊಬ್ಬ ಮಗಳು ಮಾಯಮ್ಮ. ಅವಳನ್ನು ಕಟ್ಟೆಮಳಲವಾಡಿಯ ದೇವರಾಜುವಿಗೆ ಕೊಟ್ಟಿತ್ತು. ಮದುವೆಯಾದ ವರ್ಷವೇ ಅವನು ಅವಳನ್ನು ತವರಿನಲ್ಲಿ ಬಿಟ್ಟು, ದಂಡಿಗೆ ಸೇರಿ ಉತ್ತರಕ್ಕೆ ಹೋದ. ಮೂರು ವರ್ಷದ ಮೇಲೆ, ಆ ಸಲದ ಯುಗಾದಿಗೆ, ಒಂದು ತಗಡಿನ ಪೆಟ್ಟಿಗೆ ಹೊತ್ತುಕೊಂಡು ಬಂದು ಮಾವನ ಮನೆಯಲ್ಲಿ ಬೀಡುಬಿಟ್ಟ. ಮರಳುಗಾಡಿನ ಕಥೆ, ಫಿರಂಗಿಯ ಕಥೆ, ಜರ್ಮನಿಯವರು ಬಿಟ್ಟ ವಿಷಗಾಳಿಯ ಕಥೆ. ಊರು ಬಾಯಿ ಬಿಟ್ಟುಕೊಂಡು ಕೇಳಿತು. ಅಂಕಯ್ಯ ಮಾತ್ರ ಅಳಿಯನ ಹೊಟ್ಟೆಯನ್ನೇ ನೋಡುತ್ತಿದ್ದ. ಯುದ್ಧಕ್ಕೆ ಹೋದವನು ಹೊಟ್ಟೆ ಬೆಳೆಸಿಕೊಂಡು ಬರುತ್ತಾನೆಯೇ?

ಪೆಟ್ಟಿಗೆಯಲ್ಲಿ ಆ ಮುಖವಾಡವಿತ್ತು. ಕಪ್ಪು ರಬ್ಬರಿನ ಮುಖ, ಎರಡು ದುಂಡು ಗಾಜಿನ ಕಣ್ಣು, ಮೂತಿಯಿಂದ ಇಳಿದ ಸುಕ್ಕುಸುಕ್ಕಾದ ಕೊಳವೆ, ಕೊಳವೆಯ ತುದಿಗೆ ಕ್ಯಾನ್ವಾಸ್ ಚೀಲದೊಳಗೊಂದು ತಗಡಿನ ಡಬ್ಬ. ಊರವರು ಅದಕ್ಕೆ ರಬ್ಬರ್ ಮುಸುಡಿ ಎಂದು ಹೆಸರಿಟ್ಟರು. ಅಂಕಯ್ಯ ಅದನ್ನು ಮೂಸಿ ನೋಡಿದ. ಡಬ್ಬವನ್ನು ಕಿವಿಯ ಹತ್ತಿರ ಅಲ್ಲಾಡಿಸಿದ.

"ಸರ್ಕಾರದ ಸಾಮಾನು ಮನೆಗೆ ಎಂಗೆ ಬಂತು ಅಳಿಯಂದ್ರೇ?"

"ದೊರೆ ಮೆಚ್ಚಿ ಕೊಟ್ರು ಮಾವ."

"ಒಳಗೇನದೆ?"

"ಇದ್ದಿಲು. ವಿಷಗಾಳಿ ಬಂದ್ರೆ ಇದ್ದಿಲು ವಿಷನೆಲ್ಲ ಹೀರ್ಕಂಡು ಒಳ್ಳೆ ಗಾಳಿನ ಬುಡ್ತದೆ."

ಅಂಕಯ್ಯ ಮುಸುಡಿಯನ್ನು ಹಾಕಿಕೊಂಡು ಉಸಿರಾಡಿದ. ಆಮೇಲೆ ಕೊಳವೆಯನ್ನು ಎರಡು ಬೆರಳಲ್ಲಿ ಹಿಚುಕಿದ. ಉಸಿರು ಅಲ್ಲಿಗೇ ಕಟ್ಟಿಕೊಂಡಿತು. ತೆಗೆದು ಅಳಿಯನ ಕೈಗಿಟ್ಟು ಎದ್ದು ಹೋದ.

ಅದೇ ಬೇಸಿಗೆಯ ಕೊನೆಯಲ್ಲಿ ಲೆವಿಯವರ ಗಾಡಿ ಕೃಷ್ಣರಾಜನಗರಕ್ಕೆ ಬಂದು ನಿಂತಿದೆ, ನಾಳೆ ಬೆಳಿಗ್ಗೆ ಭೇರ್ಯಕ್ಕೆ ಬಂದು ಮನೆಮನೆಯ ರಾಗಿ ಅಳೆಯುತ್ತಾರೆ ಎಂಬ ಸುದ್ದಿ ಹಬ್ಬಿತು. ಯುದ್ಧದ ಕಾಲ, ಹೆಚ್ಚಿಗೆ ಇದ್ದುದನ್ನು ಸರ್ಕಾರಕ್ಕೆ ಅಳೆದುಕೊಡಬೇಕು. ಊರಿನ ದೊಡ್ಡ ಕುಳ ಷಣ್ಮುಖಪ್ಪನ ಹಿತ್ತಿಲಲ್ಲಿ ನಾಲ್ಕು ವರ್ಷದಿಂದ ಬಾಯಿ ತೆರೆಯದ ಹಗೇವೊಂದಿತ್ತು. ಹೊತ್ತು ಮುಳುಗುವುದರೊಳಗೆ ಅದನ್ನು ಖಾಲಿ ಮಾಡಿ ಎಲ್ಲಿಗಾದರೂ ಸಾಗಿಸಿಬಿಡಬೇಕೆಂದು ಅವನಿಗೆ ಆತುರ. ಅಂಕಯ್ಯನಿಗೆ ಹೇಳಿಕಳಿಸಿದ.

ಚಪ್ಪಡಿ ಸರಿಸಿ ಲಾಟೀನು ಇಳಿಸಿದರು. ಎರಡು ಮೊಳ ಇಳಿಯುವುದರಲ್ಲಿ ಅದು ಆರಿಹೋಯಿತು. ಹಚ್ಚಿ ಇಳಿಸಿದರೆ ಮತ್ತೆ ಆರಿತು.

"ಎರಡು ದಿನ ಕಾಯ್ಬೇಕು ಯಜಮಾನ್ರೇ" ಎಂದ ಅಂಕಯ್ಯ.

"ನಾಳೆ ಬೆಳಿಗ್ಗೆ ಅವರು ಬತ್ತಾರೆ. ಎರಡು ದಿನ ಕಾದ್ಕಂಡು ನಾನೇನು ಹಗೇವಿಗೆ ಪೂಜೆ ಮಾಡ್ಲಾ?"

ಗುಂಪಿನಲ್ಲಿದ್ದ ದೇವರಾಜು ಮುಂದೆ ಬಂದ. "ಕಾಯದ್ಯಾಕೆ? ಒಳಗಿರದು ವಿಷಗಾಳಿ. ವಿಷಗಾಳಿಗೇ ಮಾಡಿರೋ ಮುಖವಾಡ ನನ್ನತ್ರ ಅದೆ. ನಾನಿಳೀತೀನಿ" ಎಂದ. ಜನ ಓಹೋ ಎಂದರು. ಯಾರೋ ಓಡಿಹೋಗಿ ಮುಸುಡಿ ತಂದೂ ಆಯಿತು.

ಅಂಕಯ್ಯ ಅಡ್ಡ ಬಂದ. "ಅಳಿಯಂದ್ರೇ, ನಿಲ್ಲಿ. ನಿಮ್ಮ ದಂಡಿನ ವಿಷಗಾಳೀನೇ ಬೇರೆ, ಇದೇ ಬೇರೆ. ಅಲ್ಲಿ ಗಾಳಿ ಒಳಗೆ ವಿಷ ಬೆರೆಸಿರ್ತಾರೆ. ನಿಮ್ಮ ಇದ್ದಿಲು ಸೋಸ್ತದೆ, ಸರಿ. ಇಲ್ಲಿ ಸೋಸಕ್ಕೆ ಗಾಳಿನೇ ಇಲ್ಲ ಕಣ್ರಪ್ಪ. ದೀಪ ಆರೋಗದ ನೋಡಿದ್ರಲ್ಲ. ಕೊಳವೆ ಅಮುಕಿದ್ರೆ ಎಂಗೆ ಉಸ್ರು ಕಟ್ತದೋ ಅಂಗೇ ಇಲ್ಲೂ ಕಟ್ತದೆ. ಆ ಡಬ್ಬದೊಳಗೆ ಇರದು ಇದ್ದಿಲು, ಗಾಳಿ ಅಲ್ಲ" ಎಂದ.

ಮಾತು ಸರಿಯಾಗಿಯೇ ಇತ್ತು. ಆಡಿದವನು ಅಂಕಯ್ಯನಾಗಿದ್ದು ತಪ್ಪಾಯಿತು. ಊರಿಗೆ ಮೊದಲ ಮೋಟಾರು ಬಂದಾಗ ಸಿಡಿಯುತ್ತದೆಂದು ಮೂರು ತಿಂಗಳು ಅದರ ದಾರಿಗೇ ಹೋಗದವನು ಅವನು. ಸಿಡುಬು ಬಾರದಂತೆ ದೇವಿ ಹಾಕುವವರು ಬಂದಾಗ ಮಗಳನ್ನು ಹುಲ್ಲಿನ ಮೆದೆಯಲ್ಲಿ ಬಚ್ಚಿಟ್ಟವನು ಅವನು. ನೂರಕ್ಕೆ ಅನುಮಾನಪಟ್ಟು ತೊಂಬತ್ತೊಂಬತ್ತರಲ್ಲಿ ನಗೆಪಾಟಲಾದವನ ನೂರನೆಯ ಅನುಮಾನಕ್ಕೆ ಯಾರು ಬೆಲೆ ಕೊಡುತ್ತಾರೆ? ಜನ ಮುಸಿಮುಸಿ ನಕ್ಕರು. ಅದನ್ನು ತಡೆದುಕೊಳ್ಳಬಹುದಿತ್ತು. ಮಾಯಮ್ಮ ಆಡಿದ್ದನ್ನು ತಡೆಯಲಾಗಲಿಲ್ಲ.

"ಅವ್ರು ಬಂದಾಗಿಂದ ನೋಡ್ತಾ ಇವ್ನಿ ಅಪ್ಪ. ನಿಂಗೆ ಅವ್ರ ಕಂಡ್ರೆ ಆಗಕ್ಕಿಲ್ಲ. ನಿನ್ನ ಕಸುಬು ಓಯ್ತದೆ ಅಂತ ಒಟ್ಟೆಕಿಚ್ಚು" ಎಂದಳು.

ಅಂಕಯ್ಯನಿಗೆ, ಇವಳ ತಾಳಿಗೆ ಕುತ್ತು ಬಂದಿದೆ ಎಂದು ಒದ್ದಾಡುತ್ತಿದ್ದರೆ ಇವಳೇ ಹೀಗೆ ಅಂದಳಲ್ಲ ಎಂದು ಸಂಕಟವಾಯಿತು, ಕೋಪವೂ ಬಂತು. ದೇವರಾಜು ಆಗಲೇ ಅಂಗಿ ಕಳಚುತ್ತಿದ್ದ. ಅಂಕಯ್ಯ ಹೋಗಿ ಅವನ ಕೈಯಿಂದ ಮುಸುಡಿಯನ್ನು ಕಿತ್ತುಕೊಂಡ.

"ಮೊದ್ಲು ನಾನಿಳೀತೀನಿ. ನಾನು ನೆಟ್ಟಗೆ ಮೇಲಕ್ಕೆ ಬಂದ್ರೆ ಆಮ್ಯಾಕೆ ನೀವು ಇಳೀರಿ. ಅಲ್ಲಿಗಂಟ ಇಲ್ಲ."

ಹಗ್ಗವನ್ನು ತಾನೇ ಜಗ್ಗಿ ನೋಡಿ, ತೊಡೆಗೂ ಕಂಕುಳಿಗೂ ಬಿಗಿದುಕೊಂಡ. ಇನ್ನೊಂದು ತುದಿ ಕೈಯಲ್ಲಿ ಉಳಿಯಿತು. ಸುತ್ತ ಕಣ್ಣಾಡಿಸಿದ. ಷಣ್ಮುಖಪ್ಪನ ಕಣ್ಣು ರಾಗಿಯ ಮೇಲೆ. ಮಗಳಿಗೆ ಕೋಪ. ಉಳಿದವರಿಗೆ ತಮಾಷೆ. ಅಳಿಯ? ತಾನು ಸತ್ತರೆ ಎರಡೆಕರೆ ಹೊಲ, ಮನೆ ಎಲ್ಲ ಅಳಿಯನದೇ. ಅದು ಅಂಕಯ್ಯನಿಗೆ ಹೊಳೆಯದೆ ಇರಲಿಲ್ಲ. ಅಂಥದ್ದು ಅವನಿಗೆ ಎಲ್ಲರಿಗಿಂತ ಮೊದಲು ಹೊಳೆಯುತ್ತಿತ್ತು. ಆದರೂ ತುದಿಯನ್ನು ದೇವರಾಜುವಿನ ಕೈಗೇ ಕೊಟ್ಟ.

"ನೀವೇ ಹಿಡೀರಿ. ಇಳಿದೋನು ಸುಮ್ಕಾದಾಗ ಅಗ್ಗ ಎಂಗಿರ್ತದೆ ಅಂತ ನಿಮ್ಮ ಕೈಗೇ ತಿಳೀಲಿ. ಇದ ಆಕ್ಕಂಡ್ರೆ ಮಾತು ಕೇಳಕ್ಕಿಲ್ಲ. ಹತ್ತು ಎಣಿಸಿ ಒಂದ್ಸಲ ಅಲ್ಲಾಡಿಸ್ತೀನಿ. ಅಲ್ಲಾಡ್ದೆ ಇದ್ರೆ ಎಳೀರಿ."

ಇಳಿದ. ಒಳಗೆ ತನ್ನ ಉಸಿರಿನ ಸದ್ದು ಬಿಟ್ಟರೆ ಬೇರೇನೂ ಕೇಳಿಸದು. ರಬ್ಬರಿನ ವಾಸನೆ, ಮಂಜು ಕವಿದ ಗಾಜು, ಕಾಲಿಗೆ ಮೆತ್ತಗೆ ರಾಗಿ. ಹತ್ತು ಎಣಿಸಿ ಅಲ್ಲಾಡಿಸಿದ. ಉಸಿರು ಬರುತ್ತಿತ್ತು, ಆದರೆ ಎಷ್ಟು ಎಳೆದರೂ ಎದೆ ತುಂಬದು. ಮತ್ತೆ ಹತ್ತು ಎಣಿಸಿದ, ಅಲ್ಲಾಡಿಸಿದ. ತಲೆಯೊಳಗೆ ಜೀರುಂಡೆಗಳೆದ್ದವು. ತಾನು ಹೇಳಿದ್ದೇ ನಿಜವಾಯಿತೆಂದು ಒಂದು ಗಳಿಗೆ ಸಂತೋಷವಾಯಿತು. ಅದನ್ನು ಹೇಳಬೇಕಾದರೆ ಮೇಲೆ ಹೋಗಬೇಕಲ್ಲ ಎನಿಸಿದಾಗ ಭಯವಾಯಿತು. ಐದು, ಆರು, ಏಳು. ಏಳಾದ ಮೇಲೆ ಏನು ಬರುತ್ತದೆ? ಎಷ್ಟು ಯೋಚಿಸಿದರೂ ಹೊಳೆಯಲಿಲ್ಲ.

ಕಣ್ಣು ಬಿಟ್ಟಾಗ ಹಿತ್ತಿಲ ನೆಲದ ಮೇಲೆ ಅಂಗಾತ ಮಲಗಿದ್ದ. ಮುಖದ ಮೇಲೆ ನೀರು. ಮಾಯಮ್ಮ ಅವನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ಗೊಳೋ ಎಂದು ಅಳುತ್ತಿದ್ದಳು. ಷಣ್ಮುಖಪ್ಪ ದೂರ ನಿಂತು ಪಕ್ಕದವರಿಗೆ, "ಹಗ್ಗ ಇನ್ನೂ ಅಲ್ಲಾಡ್ತಿತ್ತು ಕಣ್ರೀ, ನಾವೆಲ್ಲ ಬೇಡ ಬೇಡ ಅಂತಿದ್ವಿ, ಈ ದ್ಯಾವರಾಜ ಒಬ್ಬನೇ ಎಳೆದುಬುಟ್ಟ" ಎಂದು ಹೇಳುತ್ತಿದ್ದ. ಅದು ನಿಜ. ಮೂರನೆಯ ಸಲವೂ ಹಗ್ಗ ಅಲ್ಲಾಡಿತ್ತು. ಅಲ್ಲಾಡಿಸಿದ್ದು ಕೈಯಲ್ಲ, ಕುಸಿದು ಬಿದ್ದ ಮೈ. ಬೇರೆಯವರು ಕೈಹಾಕುವ ತನಕ ಕಾಯದೆ ಎಳೆದು ದೇವರಾಜುವಿನ ಅಂಗೈ ಚರ್ಮ ಕಿತ್ತುಬಂದಿತ್ತು.

ಅಂಕಯ್ಯ ಅವನನ್ನು ಹತ್ತಿರ ಕರೆದ.

"ಅಗ್ಗ ಅಲ್ಲಾಡ್ತಿತ್ತಲ್ಲ. ಯಾಕೆ ಎಳೆದ್ರಿ?"

"ಅಲ್ಲಾಡ್ತು ಮಾವ. ಆದ್ರೆ ಮೊದ್ಲೆರಡು ಸಲ ಅಲ್ಲಾಡಿದಂಗೆ ಇರ್ನಿಲ್ಲ. ಅನುಮಾನ ಬಂತು."

"ಅಷ್ಟಕ್ಕೇ?"

ದೇವರಾಜು ಹಿಂದೆಮುಂದೆ ನೋಡಿ, ಬಗ್ಗಿ, ಮಾವನ ಕಿವಿಯಲ್ಲಿ ಹೇಳಿದ. "ಮುಖವಾಡದ ಮೇಲೂ ಅನುಮಾನ ಇತ್ತು. ನಾನು ಯುದ್ಧನೇ ನೋಡಿಲ್ಲ ಮಾವ. ಮೂರು ವರ್ಷ ದಂಡಿನ ಉಗ್ರಾಣದಲ್ಲಿ ಇಂಥವ್ನ ಜೋಡಿಸ್ತಾ ಕೂತಿದ್ದೆ. ಇದು ಸರಿಯಿಲ್ಲ ಅಂತ ಅವ್ರು ಬಿಸಾಕಿದ್ದು. ಎತ್ಕಂಡು ಬಂದೆ."

"ಗೊತ್ತಿದ್ದೂ ಇಳಿಯಕ್ಕೆ ಓಗಿದ್ರಾ?"

"ಊರೆಲ್ಲ ನಿಂತು ನೋಡ್ತಿತ್ತಲ್ಲ ಮಾವ. ಬಾಯಿಂದ ಬಂದೋಗಿತ್ತು."

ಅಂಕಯ್ಯ ಅವನ ಮುಖವನ್ನೇ ನೋಡಿದ. ಹೊಟ್ಟೆಯ ವಿಷಯ, ಪೆಟ್ಟಿಗೆಯ ವಿಷಯ, ಮರಳುಗಾಡಿನ ವಿಷಯ: ತಾನು ಪಟ್ಟ ಅನುಮಾನ ಒಂದೂ ಸುಳ್ಳಾಗಿರಲಿಲ್ಲ. ಒಂದು ಮಾತು ಗಟ್ಟಿಯಾಗಿ ಆಡಿದರೆ ಸಾಕು, ಇಷ್ಟು ವರ್ಷ ನಕ್ಕವರೆಲ್ಲ ಬಾಯಿ ಮುಚ್ಚಿಕೊಳ್ಳುತ್ತಿದ್ದರು. ಜನ ಕಿವಿ ನಿಮಿರಿಸಿಕೊಂಡು ಸುತ್ತ ನಿಂತೇ ಇದ್ದರು.

"ಏನಂತೆ ಅಪ್ಪ? ಏನಂದ್ರು ಅವ್ರು?" ಎಂದು ಮಾಯಮ್ಮ ಮೂಗೊರೆಸಿಕೊಂಡು ಕೇಳಿದಳು.

"ಯುದ್ಧದಲ್ಲಿ ಇಂಗೇ ಎಷ್ಟೋ ಜನನ ಎಳೆದು ಉಳಿಸವ್ರಂತೆ ಕಣವ್ವ" ಎಂದ ಅಂಕಯ್ಯ, ಎಲ್ಲರಿಗೂ ಕೇಳಿಸುವಂತೆ. "ಪಳಗಿದ ಕೈ. ಇಲ್ದಿದ್ರೆ ನಾನು ಉಳೀತಿರ್ನಿಲ್ಲ."

ದೇವರಾಜು ತಲೆ ತಗ್ಗಿಸಿದ. ಷಣ್ಮುಖಪ್ಪ ನಾಳೆ ಲೆವಿಯವರು ಬರುತ್ತಾರೆಂದು ಮತ್ತೆ ಶುರುಮಾಡಿದ.

"ಬರ್ಲಿ ಬುಡಿ ಯಜಮಾನ್ರೇ. ಅವ್ರೂ ಎರಡು ದಿನ ಕಾಯ್ಲಿ" ಎಂದ ಅಂಕಯ್ಯ ಮೊಣಕೈ ಊರಿ ಎದ್ದು ಕೂತ. ಆಮೇಲೆ ಮೈಗೆ ಬಿಗಿದಿದ್ದ ಹಗ್ಗ ಬಿಚ್ಚಿ ಸುರುಳಿ ಸುತ್ತಿ ಅಳಿಯನ ಕಡೆ ಚಾಚಿದ.

"ತಗಳ್ಲಾ, ಮನೆಗೆ ಎತ್ಕ ನಡಿ. ನಾಳಿದ್ದು ದೀಪ ಉರುದ್ರೆ ನಾನಿಳೀತೀನಿ, ನೀನು ಹಿಡ್ಕೊ."